ಕಿತ್ತೂರಿನಲ್ಲಿ ಇಳಿಯುವವರು

ಸೊಸೆಯನ್ನು ಮನೆಯಿಂದ ಕಳಿಸುವುದಕ್ಕೆ ಪ್ರವಾಸದ ಗಾಡಿ ಹತ್ತಿಸಿದ ಅತ್ತೆ ನಮ್ಮ ಸಿರಸಂಗಿ ಸೀಮೆಯಲ್ಲಿ ಬಾಯವ್ವ ಒಬ್ಬಳೇ ಇರಬೇಕು. ಸುದ್ದಿ ಕೇಳಿದ ಓಣಿಯ ಹೆಂಗಸರಲ್ಲಿ ಕೆಲವರು ನಕ್ಕರು, ಕೆಲವರು "ಭಾಳ ಶಾಣ್ಯಾಕಿ ಬಿಡು" ಎಂದರು. ಆ ದಿನ ಬೆಳಿಗ್ಗೆ ಬುತ್ತಿ ಕಟ್ಟುತ್ತಿದ್ದ ಬಾಯವ್ವನಿಗೂ ತಾನು ಶಾಣ್ಯಾಕಿ ಎಂದೇ ಅನ್ನಿಸಿತ್ತು.

ಅವಳ ಒಬ್ಬನೇ ಮಗ ಅಪ್ಪು ಹೋಗಿ ಎರಡು ವರ್ಷವಾಗಿತ್ತು. ಯರಗಟ್ಟಿ ಸಂತೆಯಿಂದ ಬರುವಾಗ ದೀಪವಿಲ್ಲದೆ ನಿಂತಿದ್ದ ಕಬ್ಬಿನ ಟ್ರೇಲರಿಗೆ ಬೈಕು ಗುದ್ದಿತ್ತು. ಉಳಿದವಳು ಸೊಸೆ ರಂಜನಾ, ಇನ್ನೂ ಚಿಕ್ಕ ವಯಸ್ಸಿನವಳು. ಆಗ ಅವಳ ಮೊಲೆ ಉಣ್ಣುತ್ತಿದ್ದ ಕೂಸು ದುರ್ಗಾ ಈಗ ಅಂಗಳ ತುಂಬ ಓಡಾಡುತ್ತಿತ್ತು. ಕಿತ್ತೂರಿನಲ್ಲಿ ಗಾಡಿ ರಿಪೇರಿ ಮಾಡುವ ರಂಜನಾಳ ಅಣ್ಣ ಗೌತಮ ತಂಗಿಗೆ ರಾಮದುರ್ಗದಲ್ಲಿ ಒಂದು ಮನೆ ನೋಡಿದ್ದ. ಹುಡುಗನ ಹೆಸರು ಪರಶು, ಮಗ್ಗದ ಕೆಲಸ, ಹೆಂಡತಿ ತೀರಿಕೊಂಡವನು. ಉಡಿಕೆ ಎಂದು ನಿಶ್ಚಯವಾಯಿತು.

ಗಂಡ ಸತ್ತವಳಿಗೆ ಎರಡನೆಯ ಸಲ ಸೀರೆ ಉಡಿಸಿ ಕಳಿಸುವುದಕ್ಕೆ ಇವರಲ್ಲಿ ಉಡಿಕೆ ಎನ್ನುತ್ತಾರೆ. ಹಂದರ ಹಾಕುವುದಿಲ್ಲ, ವಾಲಗ ಊದಿಸುವುದಿಲ್ಲ. ಹೋಗುವವಳು ಸತ್ತ ಗಂಡನ ಹೊಸ್ತಿಲಿನಿಂದ ನೇರ ಹೋಗಬಾರದು, ತವರಿಗೆ ಹೋಗಿ ಅಲ್ಲಿಂದ ಹೋಗಬೇಕು. ಮತ್ತು ಮೊದಲಿನ ಗಂಡನ ಕೂಸು ಮೊದಲಿನ ಮನೆಯಲ್ಲೇ ಉಳಿಯಬೇಕು. "ಕೂಸು ಬಂದ್ರೂ ಬರಲಿ, ನನಗೇನು ಭಾರಿಲ್ಲ" ಎಂದು ಪರಶು ಹೇಳಿ ಕಳಿಸಿದ್ದ. ಆದರೆ ಬಾಯವ್ವನ ಗಂಡ ಮುದಕಪ್ಪನ ಕಟ್ಟೆಯ ಮೇಲೆ ಕೂತ ಹಿರಿಯರು ತಲೆ ಅಲ್ಲಾಡಿಸಿದರು. ಮನೆಯ ಕುಡಿ ಮನೆಗೆ ಎಂದರು. ಬಾಯವ್ವ ಬಾಗಿಲ ಮರೆಯಲ್ಲಿ ನಿಂತು ಇದನ್ನು ಕೇಳಿ ನಿರಾಳವಾಗಿ ಉಸಿರು ಬಿಟ್ಟಳು. ಮಗ ಹೋದ ಮೇಲೆ ಅವಳಿಗೆ ಬೆಳಗಾಗುತ್ತಿದ್ದುದೇ ಆ ಕೂಸಿನ ಮುಖ ನೋಡಿ. ರಂಜನಾ ಹಿರಿಯರಿಗೆ ಚಹಾ ಕೊಟ್ಟು ಒಳಗೆ ಹೋದಳು.

ಬಾಯವ್ವನಿಗೆ ಉಳಿದ ಚಿಂತೆ ಒಂದೇ. ತಾಯಿ ಹೋದ ದಿನ ಕೂಸು ಅತ್ತು ಅತ್ತು ಜ್ವರ ತಂದುಕೊಂಡರೆ? ಅವಳು ದನ ಕಟ್ಟಿದ ಮನೆಯವಳು, ಕರು ಬಿಡಿಸಿ ಗೊತ್ತಿದ್ದವಳು. ಒಮ್ಮೆಲೇ ಬಿಡಿಸಿದರೆ ಕರು ಸೊರಗುತ್ತದೆ, ಮೆಲ್ಲಮೆಲ್ಲಗೆ ಬಿಡಿಸಿದರೆ ಮರೆಯುತ್ತದೆ. ಅದಕ್ಕೇ ಎರಡು ತಿಂಗಳಿಂದ ಒಂದು ಉಪಾಯ ನಡೆಸಿದ್ದಳು. ಜ್ವರದ ಕಹಿ ಔಷಧ ಕುಡಿಸುವವಳು ರಂಜನಾ, ಆಮೇಲೆ ಬಾಯಿಗೆ ಬೆಲ್ಲ ಇಡುವವಳು ಬಾಯವ್ವ. ಸೀಗೆಪುಡಿ ಹಚ್ಚಿ ತಲೆ ಎರೆದು ಕಣ್ಣುರಿಸುವವಳು ತಾಯಿ, ಸೆರಗಿನಿಂದ ಕಣ್ಣೊರೆಸಿ ಎತ್ತಿಕೊಳ್ಳುವವಳು ಅಜ್ಜಿ. ಉಗುರು ತೆಗೆಯಲು, ಸಿಕ್ಕು ಬಿಡಿಸಲು, ಬೆನ್ನಿಗೊಂದು ಹಾಕಲು "ನೀನ ಮಾಡವ್ವಾ, ನನಗ ಕಣ್ಣು ಕಾಣೂದಿಲ್ಲ" ಎಂದು ಸೊಸೆಯನ್ನೇ ಮುಂದೆ ಮಾಡುತ್ತಿದ್ದಳು. ಸೂಜಿಯ ಕಣ್ಣಿಗೆ ದಾರ ಪೋಣಿಸುವ ಕಣ್ಣು ಅವಳದು. ಬರಬರುತ್ತ ಕೂಸು ಅಜ್ಜಿಯ ಮಗ್ಗುಲಲ್ಲೇ ಮಲಗತೊಡಗಿತು, ಅಜ್ಜಿಯನ್ನೇ ಅವ್ವಾ ಎಂದು ಕರೆಯತೊಡಗಿತು. ರಂಜನಾಳಿಗೆ ಅದು 'ರಂಜೀ' ಎನ್ನುತ್ತಿತ್ತು, ದೊಡ್ಡವರು ಕರೆಯುವ ಹಾಗೆ.

ಕೊನೆಯ ಉಪಾಯವೇ ಈ ಪ್ರವಾಸ. ಬೈಲಹೊಂಗಲದ ಸುಮೇಧ ಎಂಬವನು ಮಳೆಗಾಲ ಮುಗಿಯುವ ಹೊತ್ತಿಗೆ ಟೆಂಪೋ ಗಾಡಿ ಮಾಡಿ ಜನರನ್ನು ಕಾಡಿನ ಕಡೆ ಕರೆದೊಯ್ಯುತ್ತಿದ್ದ. ಮುಂಜಾನೆ ಯರಗಟ್ಟಿಯಿಂದ ಹೊರಟು ಬೈಲಹೊಂಗಲ, ಕಿತ್ತೂರು ದಾಟಿ ಧಬಧಬೆ, ಮೆಟ್ಟಿಲ ಗದ್ದೆ, ಕಾಡುಪ್ರಾಣಿ ಎಲ್ಲ ತೋರಿಸಿ ಸಂಜೆ ಅದೇ ಹಾದಿಯಲ್ಲಿ ಮರಳುವುದು. ದಿನವೆಲ್ಲ ತಿರುಗಿ ದಣಿದ ಕೂಸು ಬರುವಾಗ ಅಜ್ಜಿಯ ತೊಡೆಯ ಮೇಲೆ ನಿದ್ದೆ ಹೋಗಿರುತ್ತದೆ. ಕಿತ್ತೂರಿನಲ್ಲಿ ರಂಜನಾ ಸದ್ದಿಲ್ಲದೆ ಇಳಿದು ಅಣ್ಣನ ಜೊತೆ ಹೋಗಬೇಕು. ನಿದ್ದೆಯಲ್ಲಿರುವ ಕೂಸಿಗೆ ಅಳು ಎಲ್ಲಿಂದ ಬರಬೇಕು? ಬಾಯವ್ವ ಇದನ್ನು ಹೇಳಿದಾಗ ಮುದಕಪ್ಪ ಮೀಸೆ ಸವರಿಕೊಂಡು ಆಗಲಿ ಎಂದ. ರಂಜನಾಳೂ ಹೂಂ ಎಂದಳು.

ಹಾಗೆ ಹೊರಟರು. ರಂಜನಾಳ ಚೀಲ ಸೀಟಿನ ಕೆಳಗಿತ್ತು. ನೀರಿನಲ್ಲಿ ಆಡಲು ಬಟ್ಟೆ ತಂದಿದ್ದಾಳೆ ಎಂದು ಉಳಿದವರು ತಿಳಿದರು.

ಸುಮೇಧ ಮೂಲತಃ ಹೂಲಿಯ ಪೂಜಾರರ ಮನೆತನದವನು. ಅಜ್ಜ ಪಂಚಾಂಗ ಓದಿದ, ಅಪ್ಪ ಪುರಾಣ ಹೇಳಿದ, ಮೊಮ್ಮಗನ ಕೈಗೆ ಮೈಕು ಬಂದಿತ್ತು. ಮೈಕು ಹಿಡಿದರೆ ಅವನಿಗೆ ಹೊತ್ತು ಹೋದದ್ದು ತಿಳಿಯುತ್ತಿರಲಿಲ್ಲ. ಕಿತ್ತೂರು ದಾಟಿ ಬೀಡಿ ಊರಿನ ಕಡೆ ಹೊರಳಿದ ಮೇಲೆ ಎರೆಮಣ್ಣು ಹೋಗಿ ಕೆಂಪುಮಣ್ಣು ಬಂತು, ಗಿಡಗಳು ದಟ್ಟವಾದವು. ಒಂದು ದೊಡ್ಡ ಮರದ ಹತ್ತಿರ ಅವನು ಗಾಡಿ ನಿಲ್ಲಿಸಿ ಎತ್ತರದ ಪೊಟರೆ ತೋರಿಸಿದ.

"ಅಲ್ಲಿ ನೋಡ್ರಿ, ಮಂಗಟ್ಟಿ ಹಕ್ಕಿ ಮನಿ ಅದು. ಬ್ಯಾಸಗಿಯೊಳಗ ಹೆಣ್ಣು ಒಳಗ ಕೂತು ಬಾಗಲಾ ಮುಚ್ಚಿಕೊಳ್ತದ. ಒಂದು ಸಣ್ಣ ಕಿಂಡಿ ಅಷ್ಟೇ. ಮರಿ ದೊಡ್ಡವಾಗೂತನಕ ಗಂಡು ಹೊರಗಿಂದ ಹಣ್ಣು ತಂದು ತಿನಿಸಬೇಕು. ಆ ಗಂಡಿಗೆ ಹಾದಿಯೊಳಗ ಏನರೆ ಆತಂದ್ರ ಮುಗೀತು. ತಾಯಿ ಮರಿ ಕೂಡೇ ಉಪವಾಸ ಬೀಳ್ತಾವ. ಎಂಥಾ ಜೀವ ನೋಡ್ರಿ."

ಬೈಲಹೊಂಗಲದಲ್ಲಿ ಹತ್ತಿದ ಹೆಂಗಸರು ಅಯ್ಯೋ ಎಂದರು. ಬಾಯವ್ವ ಕೂಸಿನ ಕುಂಚಿಗೆ ಸರಿಮಾಡತೊಡಗಿದಳು. ಆಗ ರಂಜನಾ ಬಾಯಿ ತೆರೆದಳು.

"ಬಾಗಲಾ ಒಡಕೊಂಡು ಹೊರಗ ಬರಾಕ ಬರೂದಿಲ್ಲೇನ್ರಿ ಅದಕ್ಕ?"

"ಬರಬಹುದ್ರಿ," ಎಂದ ಸುಮೇಧ, ಯಾರೋ ಕೇಳಿದರಲ್ಲ ಎಂಬ ಸಂತೋಷದಲ್ಲಿ. "ಆದ್ರ ಮರಿ ಅಲ್ಲೇ ಬಿಟ್ಟು ಬರಬೇಕಾಗ್ತದ."

"ಹಂಗಾದ್ರ ಅದೂ ಉಡಿಕಿ ಹೆಣ್ಣ ಬಿಡ್ರಿ," ಎಂದಳು ರಂಜನಾ, ನಗುತ್ತ.

ಗಾಡಿಯಲ್ಲಿದ್ದವರೂ ನಕ್ಕರು. ಬಾಯವ್ವ ಮತ್ತು ಮುದಕಪ್ಪ ಮಾತ್ರ ನಗಲಿಲ್ಲ. ಎರಡು ತಿಂಗಳಲ್ಲಿ ಸೊಸೆ ಆ ಶಬ್ದವನ್ನು ಬಾಯಿಂದ ಆಡಿದ್ದು ಅದೇ ಮೊದಲು. ಬಾಯವ್ವನಿಗೆ ಸಿಟ್ಟು ಬಂತು. ಯಾರ ಮೇಲೆ ಎಂದು ಅವಳಿಗೇ ತಿಳಿಯಲಿಲ್ಲ.

ಮುಂದೆ ಮೆಟ್ಟಿಲ ಗದ್ದೆ ಬಂದವು. ಗುಡ್ಡದ ಇಳಿಜಾರಿನಲ್ಲಿ ಮೇಲಿಂದ ಕೆಳಗೆ ಒಂದರ ಕೆಳಗೊಂದು ಮಡಿ, ಎಲ್ಲದರಲ್ಲೂ ಎದೆಮಟ್ಟ ಭತ್ತ. ಮೇಲಿನ ಮಡಿಯ ನೀರು ಕೆಳಗಿನದಕ್ಕೆ, ಅದರ ನೀರು ಅದರ ಕೆಳಗಿನದಕ್ಕೆ ಜುಳುಜುಳು ಇಳಿಯುತ್ತಿತ್ತು. ಜೋಳ, ಕಡಲೆ ಬಿತ್ತುವ ಬಯಲುಸೀಮೆಯ ಮುದಕಪ್ಪ ಸೊಂಟದ ಮೇಲೆ ಕೈಯಿಟ್ಟು ಬಹಳ ಹೊತ್ತು ನೋಡಿದ.

"ಇಷ್ಟಗಲ ಹೊಲದಾಗ ಎತ್ತು ಹೆಂಗ ಹೊಳ್ಳತಾವೋ ಯಪ್ಪಾ," ಎಂದ. "ಮುಂದಿನ ಕಾಲು ಒಬ್ಬಾಂವನ ಹೊಲದಾಗ, ಹಿಂದಿನ ಕಾಲು ಇನ್ನೊಬ್ಬಾಂವನ ಹೊಲದಾಗ. ಬದುವಿನ ಜಗಳಕ್ಕ ಕೋರ್ಟಿಗಿ ಹೋದ್ರ ಹೊಲಕ್ಕಿಂತ ಕಾಗದಾನ ದೊಡ್ಡದಾದೀತು."

ಎಲ್ಲರೂ ನಗುತ್ತಿರುವಾಗ ಬದುವಿನ ಮೇಲೆ ಓಡುತ್ತಿದ್ದ ದುರ್ಗಾ ಕುಸಿದು ಕೂತು ಕಾಲು ಹಿಡಿದು ಚೀರಿತು. ಅಂಗಾಲಿಗೆ ಮುಳ್ಳು ಮುರಿದಿತ್ತು. ಬಾಯವ್ವ ರೂಢಿಯಂತೆ, "ನೀನ ತಗಿಯವ್ವಾ, ನನಗ ಕಣ್ಣು ಕಾಣೂದಿಲ್ಲ" ಎಂದಳು. ರಂಜನಾ ಸೆರಗಿನ ಪಿನ್ನು ಬಿಚ್ಚಿ, ಕೂಸಿನ ಕಾಲನ್ನು ತೊಡೆಯ ನಡುವೆ ಒತ್ತಿ ಹಿಡಿದು ಮುಳ್ಳು ತೆಗೆದಳು. ಕೂಸು ಎರಡೂ ಕೈಯಿಂದ ಅವಳ ತಲೆಗೆ ಬಡಿಯಿತು. ಬಿಟ್ಟ ಕೂಡಲೇ ಕುಂಟುತ್ತ ಅಜ್ಜಿಯ ಹತ್ತಿರ ಓಡಿತು. ಬಾಯವ್ವನ ಎಲೆಚೀಲದಲ್ಲಿ ಬೆಲ್ಲದ ಚೂರು ಸಿದ್ಧವಾಗಿತ್ತು. ಕೆದರಿದ ಕೂದಲು ಸರಿಮಾಡಿಕೊಳ್ಳದೆ ರಂಜನಾ ಪಿನ್ನು ಒರೆಸುತ್ತ ಕೂತಿದ್ದಳು.

ಧಬಧಬೆಗೆ ಹೋದಾಗ ಸೂರ್ಯ ನೆತ್ತಿಯ ಮೇಲಿದ್ದ. ನೀರು ಕಾಣುವುದಕ್ಕಿಂತ ಮೊದಲು ಅದರ ಸದ್ದು ಕಾಲಿಗೆ ತಿಳಿಯಿತು. ಹತ್ತಿರ ಹೋದಂತೆ ಮಾತು ಕೇಳಿಸದಾಯಿತು, ಸುಮೇಧನ ಮೈಕೂ ಸೋತಿತು. ಕಪ್ಪು ಬಂಡೆಯ ತುದಿಯಿಂದ ನೀರು ಬೀಳುತ್ತಲೇ ಇತ್ತು, ಹನಿ ಎದ್ದು ಎಲ್ಲರ ಮುಖ ತೋಯಿಸಿತು. ಜನ ಫೋಟೋ ತೆಗೆಯಲು ಮುಂದೆ ನುಗ್ಗಿದರು. ಆ ಗಡಿಬಿಡಿಯಲ್ಲಿ ದುರ್ಗಾಳ ಕೈ ಬಾಯವ್ವನ ಕೈಯಿಂದ ಜಾರಿತು.

ತಿರುಗಿ ನೋಡುವುದರಲ್ಲಿ ಕೂಸು ಹಸಿ ಬಂಡೆಯ ಮೇಲೆ ಒಂಟಿಯಾಗಿ ನಿಂತಿತ್ತು. ಕಿವಿಯ ಮೇಲೆ ಕೈ, ಬಾಯಿ ಅಗಲವಾಗಿ ತೆರೆದಿತ್ತು, ಅಳುವ ಸದ್ದು ಮಾತ್ರ ನೀರಿನ ಸದ್ದಿನಲ್ಲಿ ಮುಳುಗಿತ್ತು. ಹತ್ತಿರದಲ್ಲಿದ್ದವಳು ರಂಜನಾ. ಅವಳು ಅಲ್ಲೇ ಕುಕ್ಕರುಗಾಲಲ್ಲಿ ಕೂತು ಎರಡೂ ತೋಳು ಚಾಚಿದಳು. ಕೂಸು ಅವಳನ್ನು ನೋಡಿತು. ನೋಡಿ, ಅವಳ ಮಗ್ಗುಲಿಂದ ಹಾಯ್ದು, ಜಾರುತ್ತ ತಡವರಿಸುತ್ತ ಬಂದು ಬಾಯವ್ವನ ಕಾಲು ತಬ್ಬಿತು.

ಬಾಯವ್ವ ಎತ್ತಿಕೊಂಡಳು. ಮೊದಲು ಅವಳ ಎದೆಯಲ್ಲಿ ಎದ್ದದ್ದು ಗೆದ್ದೆನೆಂಬ ಹಿಗ್ಗು, ಸುಳ್ಳು ಯಾಕೆ ಹೇಳಬೇಕು. ಇನ್ನು ಭಯವಿಲ್ಲ, ಸಂಜೆ ಎಚ್ಚರಾದರೂ ಇದು ಅಳುವುದಿಲ್ಲ ಎಂದುಕೊಂಡಳು. ಆಮೇಲೆ ಸೊಸೆಯ ಕಡೆ ನೋಡಿದಳು. ರಂಜನಾಳ ತೋಳು ಇನ್ನೂ ಚಾಚಿಯೇ ಇದ್ದವು. ಯಾರೋ ನೋಡುತ್ತಿದ್ದಾರೆಂದು ತಿಳಿದ ಮೇಲೆ ಅವಳು ಆ ಕೈಗಳನ್ನು ಏನು ಮಾಡಬೇಕೆಂದು ತೋಚದೆ, ಬಗ್ಗಿ ಸೀರೆಯ ನಿರಿಗೆ ಹಿಂಡತೊಡಗಿದಳು. ಆ ಸೀರೆ ಅಷ್ಟೇನೂ ತೋಯ್ದಿರಲಿಲ್ಲ.

ಬಾಯವ್ವನಿಗೆ ಅಪ್ಪುವನ್ನು ಆಸ್ಪತ್ರೆಯಿಂದ ತಂದ ದಿನ ನೆನಪಾಯಿತು. ಬಟ್ಟೆ ಬಿಚ್ಚಬೇಡಿ, ಮುಖ ನೋಡುವ ಹಾಗಿಲ್ಲ ಎಂದು ನಾಲ್ಕು ಜನ ಅವಳನ್ನು ಹಿಂದಕ್ಕೆ ಎಳೆದು ಹಿಡಿದಿದ್ದರು. ಆ ದಿನ ತನ್ನ ಕೈಗೂ ಹೀಗೇ ಕೆಲಸವಿಲ್ಲದಂತಾಗಿತ್ತು. ನನ್ನ ಮಗ ಸತ್ತ, ಆದರೆ ಇವಳ ಮಗಳು ಬದುಕಿದ್ದಾಳೆ, ಬದುಕಿದ ಕೂಸನ್ನು ನಾನು ಇವಳ ಪಾಲಿಗೆ ಇಲ್ಲವಾಗಿಸಿದೆ. ಹೀಗೆ ಅನ್ನಿಸಿದ್ದೇ ತಡ ಅವಳು ಕೂಸನ್ನು ಎತ್ತಿಕೊಂಡೇ ಹತ್ತಿರದ ಬಂಡೆಯ ಮೇಲೆ ಕೂತುಬಿಟ್ಟಳು.

ಊಟಕ್ಕೆ ಕೂತಾಗ ತನ್ನ ರೊಟ್ಟಿಯನ್ನು ಮುರಿಯದೆ ಹಾಗೇ ಮಡಚಿಟ್ಟಳು. ಗಂಡನನ್ನು ಒಂದು ಮರದ ಹಿಂದೆ ಕರೆದಳು.

"ಕೂಸಿನ್ನ ಅಕಿ ಕೂಡ ಕಳಸೂಣು."

ಮುದಕಪ್ಪ ಬಾಯಲ್ಲಿದ್ದ ತುತ್ತು ನುಂಗಿದ. "ಏನ್ ಮಾತಾಡಾಕ ಹತ್ತೀ? ಹಿರ್ಯಾರಿಗೆ ಏನಂತ ಹೇಳೂದು?"

"ನಾ ಹೇಳತೇನಿ. ಬೈದ್ರ ನನಗ ಬೈಲಿ."

"ಮನ್ಯಾಗ ಅಪ್ಪೂಂದು ಅಂತ ಉಳದದ್ದು ಅದೊಂದ. ಅದರ ಮೂಗು ನೋಡು, ಅವನ ಮೂಗ ಐತಿ."

"ಗೊತ್ತೈತಿ," ಎಂದಳು ಬಾಯವ್ವ. "ದಿನಾ ಅದನ್ನ ನೋಡತೇನಿ. ನೋಡಿ ನೋಡಿ ನಾ ಕಳ್ಳಿ ಆದೆ."

ಮುದಕಪ್ಪ ರುಮಾಲು ಬಿಚ್ಚಿ ಮುಖ ಒರೆಸಿಕೊಂಡ. "ನಿನ್ನ ಮನಸ," ಎಂದ. ಆಮೇಲೆ ಹೋಗಿ ಗಾಡಿಯಲ್ಲಿ ಒಬ್ಬನೇ ಕೂತ.

ಮರಳುವ ಹಾದಿಯಲ್ಲಿ ಬಾಯವ್ವ ಎಣಿಸಿದಂತೆಯೇ ಕೂಸು ಅವಳ ತೊಡೆಯ ಮೇಲೆ ನಿದ್ದೆ ಹೋಯಿತು. ಕಾಡು ಮುಗಿಯುವ ಮುನ್ನ ಸುಮೇಧ ಕೈ ಎತ್ತಿ ಗಾಡಿ ನಿಲ್ಲಿಸಿದ. ರಸ್ತೆಗೆ ಅಡ್ಡವಾಗಿ ಕಾಡುಕೋಣಗಳು ದಾಟುತ್ತಿದ್ದವು, ಮೊಣಕಾಲಿನಿಂದ ಕೆಳಗೆ ಬಿಳಿ ಕಾಲು, ಕರಿ ಮೈ. ಎಲ್ಲರೂ ಎದ್ದು ಕಿಟಕಿಗೆ ಮುತ್ತಿದರು. ಆ ಗದ್ದಲದಲ್ಲಿ ಬಾಯವ್ವ ಕೂಸನ್ನು ಮೆಲ್ಲಗೆ ಎತ್ತಿ ಸೊಸೆಯ ಮಡಿಲಿಗಿಟ್ಟಳು.

"ಹಿಡಿ. ಕಿತ್ತೂರಾಗ ಇಬ್ಬರೂ ಇಳೀರಿ."

ರಂಜನಾ ಅವಳ ಮುಖವನ್ನೇ ನೋಡಿದಳು. "ಮಾವಾರು?"

"ಅವರಿಗೆ ಹೇಳೇನಿ. ನೀ ಹಡದ ಕೂಸು ಅದು, ತಗೊಂಡು ಹೋಗು. ವರ್ಷಕ್ಕೊಮ್ಮಿ ತೋರಿಸು, ಸಾಕು."

ರಂಜನಾ ಅತ್ತಳು, ಸದ್ದಿಲ್ಲದೆ. ಅಳುತ್ತಲೇ ಕೂಸನ್ನು ಎದೆಗೆ ಒರಗಿಸಿಕೊಂಡು ಅದರ ಅಂಗಾಲನ್ನು, ಮುಳ್ಳು ತೆಗೆದ ಜಾಗವನ್ನು ಹೆಬ್ಬೆರಳಿನಿಂದ ಸವರತೊಡಗಿದಳು. ಬೀಡಿ ಬಂತು, ಬೀಡಿ ಹೋಯಿತು. ಇಳಿಬಿಸಿಲು ಅವಳ ಮುಖದ ಮೇಲೆ ಬಿದ್ದಿತ್ತು. ಅಪ್ಪು ಹೋದ ಮೇಲೆ ಆ ಮುಖ ಹಾಗೆ ಬಿಚ್ಚಿಕೊಂಡದ್ದನ್ನು ಬಾಯವ್ವ ನೋಡಿರಲಿಲ್ಲ. ಬರಿದಾದ ತೊಡೆಯ ಮೇಲೆ ಕೈಯಿಟ್ಟುಕೊಂಡು ಅವಳೂ ಕಣ್ಣೊರೆಸಿಕೊಂಡಳು. ನೋವಾಗುತ್ತಿತ್ತು, ಆದರೂ ಉಸಿರು ಸರಾಗವಾಗಿ ಆಡುತ್ತಿತ್ತು.

ಕಿತ್ತೂರಿನಲ್ಲಿ ಗೌತಮ ಬೈಕಿನ ಹತ್ತಿರ ನಿಂತಿದ್ದ. ತಂಗಿಯ ಹೆಗಲ ಮೇಲೆ ಕೂಸನ್ನು ಕಂಡು ಹುಬ್ಬೇರಿಸಿದ. ಬಾಯವ್ವ ಹೂಂ ಎಂದು ಗೋಣು ಹಾಕಿದಳು, ಅವನು ಚೀಲ ಇಸಿದುಕೊಂಡ. ರಂಜನಾ ಗಾಡಿಯ ಕೆಳಗಿನ ಮೆಟ್ಟಿಲಿನಿಂದ ನೆಲಕ್ಕೆ ಕಾಲಿಡುವಾಗ ಹಿಂದೆ ಬಂದ ಬಸ್ಸೊಂದು ಹಾರ್ನ್ ಹೊಡೆಯಿತು. ಕೂಸು ಬೆಚ್ಚಿ ಕಣ್ಣು ಬಿಟ್ಟಿತು.

ತಾನು ಯಾರ ಹೆಗಲ ಮೇಲಿದ್ದೇನೆಂದು ಅದಕ್ಕೆ ತಿಳಿಯಲು ತುಸು ಹೊತ್ತು ಹಿಡಿಯಿತು. ಆಮೇಲೆ ಮೈ ಬಿಲ್ಲಿನ ಹಾಗೆ ಹಿಂದಕ್ಕೆ ಬಾಗಿಸಿ ಚೀರಿತು. "ಅವ್ವಾ, ಅವ್ವಾ" ಎಂದು ಕಿಟಕಿಯಲ್ಲಿದ್ದ ಬಾಯವ್ವನ ಕಡೆ ಕೈ ಚಾಚಿತು. "ಬ್ಯಾಡ, ರಂಜಿ ಬ್ಯಾಡ" ಎಂದು ತಾಯಿಯ ಕೆನ್ನೆ ಪರಚಿತು.

ಬಾಯವ್ವ ಎದ್ದುಬಿದ್ದು ಇಳಿದಳು. "ಅಕಿನ ನಿಮ್ಮವ್ವ, ಕೂಸೇ. ನಾ ನಿಮ್ಮಜ್ಜಿ. ಹೋಗವ್ವಾ ನನ್ನ ಬಂಗಾರ." ಕೂಸು ಕೇಳಲಿಲ್ಲ. ತಾಯಿಯ ತೋಳಿನಿಂದ ಜಾರಿ ಇಳಿದು ಅಜ್ಜಿಯ ಸೀರೆ ಹಿಡಿಯಿತು. ಬಾಯವ್ವ ಆ ಬೆರಳುಗಳನ್ನು ಬಿಡಿಸಿದಳು, ಅವು ಮತ್ತೆ ಹಿಡಿದವು. ಆಗ ಅವಳಿಗೆ ತನ್ನ ಉಪಾಯವೇ ಹೊಳೆಯಿತು. ಕಹಿ ಕೊಟ್ಟವಳನ್ನು ಕೂಸು ಬಿಡುತ್ತದೆ, ಇದನ್ನು ಕಲಿಸಿದವಳೇ ತಾನಲ್ಲವೇ? ಕಣ್ಣು ಮುಚ್ಚಿ ಕೈ ಎತ್ತಿ ಕೂಸಿನ ಬೆನ್ನಿಗೆ ಜೋರಾಗಿ ಒಂದು ಹಾಕಿದಳು. ಹುಟ್ಟಿದಂದಿನಿಂದ ಅವಳು ಅದನ್ನು ಹೊಡೆದದ್ದೇ ಇರಲಿಲ್ಲ.

ಕೂಸಿನ ಉಸಿರು ಸಿಕ್ಕಿಕೊಂಡಿತು. ಅದು ಮುಖ ಎತ್ತಿ ಅಜ್ಜಿಯನ್ನು ನೋಡಿತು. ಆಮೇಲೆ ಇನ್ನೂ ಬಿಗಿಯಾಗಿ ಅವಳ ಮೊಣಕಾಲು ತಬ್ಬಿಕೊಂಡು, ಹೊಡೆದವಳ ಸೀರೆಯಲ್ಲೇ ಮುಖ ಹುದುಗಿಸಿ ಅತ್ತಿತು.

"ಬಿಡ್ರಿ ಅತ್ತಿ, ಹೊಡೀಬ್ಯಾಡ್ರಿ," ಎಂದಳು ರಂಜನಾ. ಅವಳ ಕೆನ್ನೆಯ ಮೇಲೆ ಉಗುರಿನ ಗೆರೆ ಎದ್ದಿತ್ತು. "ಇದು ಬರೂದಿಲ್ಲ."

"ನಾಲ್ಕು ದಿನ ಅತ್ತೀತು. ಆಮ್ಯಾಲೆ ಹೊಂದಿಕೊಳ್ಳತೈತಿ. ಒಯ್ಯವ್ವಾ. ತಪ್ಪೆಲ್ಲಾ ನಂದು. ಎರಡು ತಿಂಗಳಿಂದ ನಾನ..."

"ಗೊತ್ತಿತ್ರಿ ನನಗ."

ಬಾಯವ್ವ ತಲೆ ಎತ್ತಿ ಸೊಸೆಯನ್ನು ನೋಡಿದಳು.

"ಮೊದಲನೇ ದಿನಾನ ಗೊತ್ತಾತು. ನಿಮಗ ಕಣ್ಣು ಕಾಣೂದಿಲ್ಲಂದ್ರ ನಾ ನಂಬತೇನೇನ್ರಿ?" ರಂಜನಾಳ ದನಿಯಲ್ಲಿ ಸಿಟ್ಟಿರಲಿಲ್ಲ. "ಹೆಂಗೂ ಬಿಟ್ಟು ಹೋಗೂದೈತಿ, ನನ್ನ ಮ್ಯಾಲೆ ಆಸೆ ಇರಬಾರದು, ಕೂಸು ಸೊರಗಬಾರದು ಅಂತ ನಾನೂ ಕೈ ಹಚ್ಚಿದೆ. ನೀವು ಒಂದು ಚಮಚ ಕುಡಸಂದ್ರ ನಾ ಮೂಗು ಹಿಡದು ಕುಡಸಿದೆ. ರಾತ್ರಿ ನನ್ನ ಕಡೆ ಹೊಳ್ಳಿ ಬಂದ್ರ ಹಿಂದಕ್ಕ ನೂಕಿದೆ. ನೀವು ಒಬ್ಬರ ಮಾಡಿದ್ರ ಇಷ್ಟು ಆಗತಿದ್ದಿಲ್ರಿ ಅತ್ತಿ."

ಸುಮೇಧ ಮೈಕು ಸೀಟಿನ ಮೇಲಿಟ್ಟು ಬಾಗಿಲಲ್ಲಿ ನಿಂತಿದ್ದ. ಹೊತ್ತಾಯಿತು ಎಂದು ಹೇಳಲು ಬಂದವನು ಹೇಳದೆ ಒಳಗೆ ಹೋದ. ಗೌತಮ ಬೈಕಿನ ಕನ್ನಡಿ ಒರೆಸತೊಡಗಿದ.

ರಂಜನಾ ಬಗ್ಗಿ ಅತ್ತೆಯ ಪಾದ ಮುಟ್ಟಿದಳು. ಬಗ್ಗಿದ ಅವಳ ಮುಖದ ಹತ್ತಿರವೇ ಕೂಸಿನ ತಲೆ ಇತ್ತು. ಅದನ್ನು ಮುಟ್ಟಲು ಕೈ ಮುಂದೆ ಮಾಡಿದಳು, ಕೂಸು ಭುಜ ಕುಗ್ಗಿಸಿತು. ಅವಳು ಕೈ ಹಿಂದಕ್ಕೆ ತಗೊಂಡು ಎದ್ದಳು. "ಜ್ವರ ಬಂದ್ರ ಔಷಧಾ ಬೆಲ್ಲದಾಗ ಕಲಿಸಿ ಕುಡಸ್ರಿ," ಎಂದಷ್ಟೇ ಹೇಳಿ ಅಣ್ಣನ ಹಿಂದೆ ಬೈಕಿನ ಮೇಲೆ ಕೂತಳು. ಬೈಕು ಹೋಯಿತು. ಅವಳು ತಿರುಗಿ ನೋಡಲಿಲ್ಲ.

ಗಾಡಿ ಬೈಲಹೊಂಗಲದ ಹಾದಿ ಹಿಡಿಯಿತು. ಮುದಕಪ್ಪ ಕಿಟಕಿಯ ಕಡೆ ಮುಖ ಮಾಡಿ ಕೂತಿದ್ದ, ಅವನ ಹೆಗಲು ಅಲುಗುತ್ತಿದ್ದವು. ಊರಿನ ಕೊನೆಯ ಮನೆ ದಾಟುವುದರೊಳಗೆ ದುರ್ಗಾ ಬಿಕ್ಕುವುದನ್ನು ನಿಲ್ಲಿಸಿ, ಅಜ್ಜಿಯ ತೊಡೆಯ ಮೇಲೆ ಕಾಲು ಆಡಿಸುತ್ತ ಹೊರಗಿನ ದನಗಳನ್ನು ನೋಡತೊಡಗಿತು. ಬಾಯವ್ವ ಎರಡು ತಿಂಗಳಿಂದ ದೇವರನ್ನು ಬೇಡಿಕೊಂಡದ್ದು ಇದನ್ನೇ.

ಅವಳು ಕೂಸಿನ ಮುಖವನ್ನು ಎರಡೂ ಕೈಯಲ್ಲಿ ಹಿಡಿದು ತನ್ನ ಕಡೆ ತಿರುಗಿಸಿದಳು.

"ನಿಮ್ಮವ್ವ ಹೋದಳು, ಕೂಸೇ," ಎಂದಳು. "ಅಳವ್ವಾ. ಒಂದೀಟು ಅಳು."

ಕೂಸು ಅವಳ ಕಣ್ಣೀರನ್ನು ಅಂಗೈಯಿಂದ ಒರೆಸಿತು. ಅದು ಅಳಲಿಲ್ಲ.